ಗೃಹಸಾಲದ ನಿಜವಾದ ಬೆಲೆ: ಮಾಸಿಕ ಕಂತಿನ ಆಚೆಗಿನ ಲೆಕ್ಕ

'ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು' ಎಂಬುದು ಹಳೆಯ ಗಾದೆ. ಆ ಗಾದೆ ಹುಟ್ಟಿದ ಕಾಲದಲ್ಲಿ ಮನೆಯ ಖರ್ಚು ಗೃಹಪ್ರವೇಶದ ದಿನಕ್ಕೆ ಬಹುಮಟ್ಟಿಗೆ ಮುಗಿದಿರುತ್ತಿತ್ತು. ಇಂದು ಬಹುಪಾಲು ಮನೆಗಳ ಖರ್ಚು ಗೃಹಪ್ರವೇಶದ ದಿನದಿಂದ ಆರಂಭವಾಗಿ ಹದಿನೈದು, ಇಪ್ಪತ್ತು, ಕೆಲವೊಮ್ಮೆ ಮೂವತ್ತು ವರ್ಷಗಳ ಕಾಲ ನಡೆಯುತ್ತದೆ. ಒಂದು ಕ್ವಿಂಟಲ್ ಸರಕಿಗೆ ಹತ್ತು ರೂಪಾಯಿ ವ್ಯತ್ಯಾಸ ಬಂದರೂ ಚೌಕಾಸಿ ಮಾಡುವ ವರ್ತಕರು ತಮ್ಮ ಜೀವಮಾನದ ಅತಿ ದೊಡ್ಡ ಖರೀದಿಯಲ್ಲಿ ಮಾತ್ರ 'ತಿಂಗಳಿಗೆ ಕಂತು ಎಷ್ಟು ಬರುತ್ತದೆ?' ಎಂಬ ಒಂದೇ ಪ್ರಶ್ನೆ ಕೇಳಿ ಸಹಿ ಮಾಡುವುದು ಸಾಮಾನ್ಯವಾಗಿದೆ.

ಕಂತು ಎಂಬುದು ಸಾಲದ ಬೆಲೆಯಲ್ಲ. ಬೆಲೆಯನ್ನು ತೆರುವ ರೀತಿ ಮಾತ್ರ. ಸಾಲದ ನಿಜವಾದ ಬೆಲೆ ನಿರ್ಧಾರವಾಗುವುದು ಎಷ್ಟು ಅಸಲು, ಎಷ್ಟು ಕಾಲ, ಯಾವ ದರದಲ್ಲಿ ಬಾಕಿ ನಿಂತಿರುತ್ತದೆ ಎಂಬುದರ ಮೇಲೆ. ಈ ಮೂರರಲ್ಲಿ ದರದ ಬಗ್ಗೆ ಎಲ್ಲರೂ ವಿಚಾರಿಸುತ್ತಾರೆ. ಕಾಲದ ಬಗ್ಗೆ ವಿಚಾರಿಸುವವರು ವಿರಳ. ಆದರೆ ಬೆಲೆಯನ್ನು ಹೆಚ್ಚು ಏರಿಳಿಸುವುದು ಕಾಲವೇ. ಈ ಅಂಶವನ್ನು ಅಂಕಿಗಳ ಮೂಲಕ ವಿವರಿಸಿ, ವ್ಯಾಪಾರ ಹಾಗೂ ಸಣ್ಣ ಕೈಗಾರಿಕೆಗಳಲ್ಲಿ ತೊಡಗಿರುವವರು ಗೃಹಸಾಲವನ್ನು ತಮ್ಮ ದುಡಿಯುವ ಬಂಡವಾಳದೊಂದಿಗೆ ಹೇಗೆ ತೂಗಿ ನೋಡಬೇಕೆಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಬೇರೆ ರೀತಿ ಹೇಳದ ಹೊರತು ಲೇಖನದುದ್ದಕ್ಕೂ ಒಂದೇ ಉದಾಹರಣೆಯನ್ನು ಹಿಡಿಯಲಾಗಿದೆ: ಸಾಲ 30 ಲಕ್ಷ ರೂ., ವಾರ್ಷಿಕ ಬಡ್ಡಿ ಶೇ. 9, ಅವಧಿ 20 ವರ್ಷ. ಈ ದರವು ಲೆಕ್ಕದ ಅನುಕೂಲಕ್ಕಾಗಿ ಹಿಡಿದದ್ದೇ ಹೊರತು ಯಾವುದೇ ಬ್ಯಾಂಕಿನ ಘೋಷಿತ ದರವಲ್ಲ.

1. ಅಸಲು ಕರಗುವ ಬಗೆ

ಮೇಲಿನ ಸಾಲಕ್ಕೆ ತಿಂಗಳ ಸಮಾನ ಕಂತು 26,992 ರೂ. ಆಗುತ್ತದೆ. 240 ಕಂತುಗಳಲ್ಲಿ ಸಾಲಗಾರನು ತೆರುವ ಒಟ್ಟು ಮೊತ್ತ ಸುಮಾರು 64.78 ಲಕ್ಷ ರೂ. ಅದರಲ್ಲಿ ಬಡ್ಡಿಯೇ 34.78 ಲಕ್ಷ ರೂ. ಪಡೆದ ಸಾಲಕ್ಕಿಂತ ತೆತ್ತ ಬಡ್ಡಿ ಹೆಚ್ಚು.

ಕಂತಿನ ಮೊತ್ತ ಮೊದಲಿನಿಂದ ಕೊನೆಯವರೆಗೆ ಒಂದೇ ಆಗಿದ್ದರೂ ಅದರ ಒಳಹಂಚಿಕೆ ತಿಂಗಳಿಂದ ತಿಂಗಳಿಗೆ ಬದಲಾಗುತ್ತದೆ. ಮೊದಲ ತಿಂಗಳು 30 ಲಕ್ಷ ರೂ. ಮೇಲೆ ಬಡ್ಡಿ 22,500 ರೂ.; ಅಸಲಿಗೆ ಜಮೆಯಾಗುವುದು 4,492 ರೂ. ಮಾತ್ರ. ಮೊದಲ ವರ್ಷದಲ್ಲಿ 3.24 ಲಕ್ಷ ರೂ. ಕಟ್ಟಿದರೆ ಸಾಲ ಇಳಿಯುವುದು ಸುಮಾರು 56,000 ರೂ. ಐದು ವರ್ಷಗಳಲ್ಲಿ 16.20 ಲಕ್ಷ ರೂ. ಕಟ್ಟಿದ ನಂತರವೂ ಬಾಕಿ ಅಸಲು 26.61 ಲಕ್ಷ ರೂ. ಅವಧಿಯ ಅರ್ಧಭಾಗ, ಅಂದರೆ ಹತ್ತು ವರ್ಷ ಮುಗಿದಾಗ ಬಾಕಿ 21.31 ಲಕ್ಷ ರೂ. ಅಸಲಿನ ಅರ್ಧಭಾಗ ತೀರಬೇಕಾದರೆ 14 ವರ್ಷಗಳು ಕಳೆಯಬೇಕು. ಇದಕ್ಕೆ ವಿರುದ್ಧವಾಗಿ ಕೊನೆಯ ವರ್ಷದ ಕಂತುಗಳಲ್ಲಿ ಬಡ್ಡಿಯ ಪಾಲು ಕೇವಲ 15,000 ರೂ. ಚಿಲ್ಲರೆ.

ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ಬಾಕಿ ಹೆಚ್ಚಿರುವಾಗ ಬಡ್ಡಿ ಹೆಚ್ಚು, ಬಾಕಿ ಇಳಿದಂತೆ ಬಡ್ಡಿಯೂ ಇಳಿಕೆ ಎಂಬ ಸರಳ ನಿಯಮದ ಫಲವಿದು. ಆದರೆ ಇದರಿಂದ ಹೊರಡುವ ವ್ಯಾವಹಾರಿಕ ತೀರ್ಮಾನ ಮಹತ್ವದ್ದು: ಗೃಹಸಾಲದ ಬೆಲೆಯನ್ನು ಇಳಿಸುವ ಯಾವುದೇ ಪ್ರಯತ್ನವು ಮೊದಲ ಏಳೆಂಟು ವರ್ಷಗಳಲ್ಲಿ ನಡೆದರೆ ಫಲ ದೊಡ್ಡದು, ಕೊನೆಯ ವರ್ಷಗಳಲ್ಲಿ ನಡೆದರೆ ಫಲ ಅತ್ಯಲ್ಪ.

2. ಅವಧಿಯ ಆಯ್ಕೆ

ಅದೇ 30 ಲಕ್ಷ ರೂ. ಸಾಲವನ್ನು ಅದೇ ಶೇ. 9ರ ದರದಲ್ಲಿ ಬೇರೆ ಬೇರೆ ಅವಧಿಗೆ ಪಡೆದರೆ ಲೆಕ್ಕ ಹೀಗಾಗುತ್ತದೆ:

10 ವರ್ಷ: ಕಂತು 38,003 ರೂ.; ಒಟ್ಟು ಬಡ್ಡಿ 15.60 ಲಕ್ಷ ರೂ.
15 ವರ್ಷ: ಕಂತು 30,428 ರೂ.; ಒಟ್ಟು ಬಡ್ಡಿ 24.77 ಲಕ್ಷ ರೂ.
20 ವರ್ಷ: ಕಂತು 26,992 ರೂ.; ಒಟ್ಟು ಬಡ್ಡಿ 34.78 ಲಕ್ಷ ರೂ.
25 ವರ್ಷ: ಕಂತು 25,176 ರೂ.; ಒಟ್ಟು ಬಡ್ಡಿ 45.53 ಲಕ್ಷ ರೂ.
30 ವರ್ಷ: ಕಂತು 24,139 ರೂ.; ಒಟ್ಟು ಬಡ್ಡಿ 56.90 ಲಕ್ಷ ರೂ.

ಅವಧಿಯನ್ನು 20ರಿಂದ 30 ವರ್ಷಕ್ಕೆ ಏರಿಸಿದರೆ ಕಂತಿನಲ್ಲಿ ಉಳಿಯುವುದು ತಿಂಗಳಿಗೆ 2,853 ರೂ.; ಅದಕ್ಕಾಗಿ ಹೆಚ್ಚುವರಿಯಾಗಿ ತೆರುವ ಬಡ್ಡಿ 22 ಲಕ್ಷ ರೂ.ಗೂ ಮಿಗಿಲು. 20ರಿಂದ 15 ವರ್ಷಕ್ಕೆ ಇಳಿಸಿದರೆ ಕಂತು 3,436 ರೂ. ಏರುತ್ತದೆ, ಬಡ್ಡಿ 10 ಲಕ್ಷ ರೂ. ಇಳಿಯುತ್ತದೆ. 'ಕಂತು ಹಗುರ' ಎಂಬ ಮಾತಿನ ಹಿಂದೆ ಇರುವ ತೂಕ ಇದು.

ಆದರೆ ಈ ಅಂಕಿಗಳನ್ನು ಕಂಡು ಎಲ್ಲರೂ ಹತ್ತೇ ವರ್ಷದ ಸಾಲ ಮಾಡಬೇಕೆಂದು ತೀರ್ಮಾನಿಸುವುದು ಸರಿಯಲ್ಲ. ಮೊದಲನೆಯದಾಗಿ, ಇಪ್ಪತ್ತನೆಯ ವರ್ಷದಲ್ಲಿ ಕಟ್ಟುವ ರೂಪಾಯಿ ಇಂದಿನ ರೂಪಾಯಿಯಲ್ಲ. ಬೆಲೆಗಳು ವರ್ಷಕ್ಕೆ ಶೇ. 5ರಂತೆ ಏರುತ್ತ ಹೋದರೆ, ಕೊನೆಯ ವರ್ಷ ಕಟ್ಟುವ 26,992 ರೂ. ಕಂತಿನ ಕೊಳ್ಳುವ ಶಕ್ತಿ ಇಂದಿನ ಸುಮಾರು 10,200 ರೂ.ಗೆ ಸಮ. ಆದ್ದರಿಂದ ಒಟ್ಟು ಬಡ್ಡಿಯ ಮೊತ್ತ ಕಣ್ಣಿಗೆ ಕಾಣುವಷ್ಟು ಭಾರವಲ್ಲ. ಎರಡನೆಯದಾಗಿ, ಸಂಬಳದಾರರಿಗೆ ತಿಂಗಳ ಆದಾಯ ನಿಶ್ಚಿತ. ವ್ಯಾಪಾರಿಗೆ ಸುಗ್ಗಿಯ ತಿಂಗಳೂ ಇದೆ, ಮಂದಿಯ ತಿಂಗಳೂ ಇದೆ. ಭಾರೀ ಕಂತಿಗೆ ಕಟ್ಟುಬಿದ್ದು ಮಂದಿಯ ಕಾಲದಲ್ಲಿ ಕಂತು ತಪ್ಪಿಸುವುದಕ್ಕಿಂತ, ಹಗುರ ಕಂತಿನ ಅವಧಿ ಪಡೆದು ಸುಗ್ಗಿಯಲ್ಲಿ ಅಸಲಿಗೆ ಹೆಚ್ಚು ಕಟ್ಟುವುದು ಜಾಣತನ. ಅವಧಿಯ ದೀರ್ಘತೆ ದೋಷವಲ್ಲ. ದೀರ್ಘ ಅವಧಿ ಪಡೆದು ನಂತರ ಅದನ್ನು ಮರೆಯುವುದು ದೋಷ.

3. ಹೇಳುವ ದರ ಮತ್ತು ತೆರುವ ದರ

ಬಡ್ಡಿಯ ಶೇಕಡಾ ಅಂಕಿಯನ್ನು ಹಾಗೆಯೇ ಹೋಲಿಸುವುದು ಅಪಾಯಕರ. ಕೆಲವು ಸಾಲದಾತರು 'ಫ್ಲಾಟ್ ದರ' ಹೇಳುತ್ತಾರೆ. 30 ಲಕ್ಷ ರೂ.ಗೆ ಶೇ. 6ರ ಫ್ಲಾಟ್ ದರದಲ್ಲಿ 10 ವರ್ಷಕ್ಕೆ ಬಡ್ಡಿ 18 ಲಕ್ಷ ರೂ.; ಒಟ್ಟು 48 ಲಕ್ಷವನ್ನು 120 ಕಂತುಗಳಿಗೆ ಹಂಚಿದರೆ ಕಂತು 40,000 ರೂ. ಇಲ್ಲಿ ಅಸಲು ತೀರುತ್ತ ಬಂದರೂ ಪೂರ್ತಿ 30 ಲಕ್ಷದ ಮೇಲೆಯೇ ಬಡ್ಡಿ ಹಾಕಲಾಗಿದೆ. ಇಳಿಯುವ ಬಾಕಿಯ ಲೆಕ್ಕಕ್ಕೆ ಇದನ್ನು ಪರಿವರ್ತಿಸಿದರೆ ನಿಜವಾದ ದರ ಸುಮಾರು ಶೇ. 10.2 ಆಗುತ್ತದೆ. ಅಂದರೆ 'ಶೇ. 6'ರ ಸಾಲವು ಬ್ಯಾಂಕಿನ ಶೇ. 9ರ ಸಾಲಕ್ಕಿಂತ ದುಬಾರಿ.

ಇಳಿಯುವ ಬಾಕಿಯ ಪದ್ಧತಿಯಲ್ಲಿಯೂ ಬಾಕಿಯನ್ನು ಎಷ್ಟು ಕಾಲಕ್ಕೊಮ್ಮೆ ಇಳಿಸಲಾಗುತ್ತದೆ ಎಂಬುದು ಮುಖ್ಯ. ಹಿಂದೆ ಹಲವು ಸಂಸ್ಥೆಗಳು ವರ್ಷಕ್ಕೊಮ್ಮೆ ಮಾತ್ರ ಅಸಲನ್ನು ಇಳಿಸುತ್ತಿದ್ದವು. ಆ ಪದ್ಧತಿಯಲ್ಲಿ ನಮ್ಮ ಉದಾಹರಣೆಯ ಕಂತು 27,387 ರೂ. ಆಗಿ, 20 ವರ್ಷಗಳಲ್ಲಿ ಸುಮಾರು 95,000 ರೂ. ಹೆಚ್ಚು ತೆರಬೇಕಾಗುತ್ತದೆ. ಸಹಕಾರಿ ಸಂಘ ಹಾಗೂ ಖಾಸಗಿ ಸಂಸ್ಥೆಗಳಿಂದ ಸಾಲ ಪಡೆಯುವವರು ಈ ವಿಷಯವನ್ನು ಲಿಖಿತವಾಗಿ ಖಚಿತಪಡಿಸಿಕೊಳ್ಳುವುದು ಒಳಿತು.

ಈ ಗೊಂದಲಕ್ಕೆ ಪರಿಹಾರವಾಗಿ ರಿಸರ್ವ್ ಬ್ಯಾಂಕ್ 2024ರ ಏಪ್ರಿಲ್‌ನಲ್ಲಿ ಹೊರಡಿಸಿದ ಸುತ್ತೋಲೆ ಉಪಯುಕ್ತವಾಗಿದೆ. ಅದರನ್ವಯ 2024ರ ಅಕ್ಟೋಬರ್ 1ರಿಂದ ಚಿಲ್ಲರೆ ಸಾಲಗಳಿಗೂ, ಸೂಕ್ಷ್ಮ, ಸಣ್ಣ ಮತ್ತು ಮಧ್ಯಮ ಉದ್ಯಮಗಳ ಅವಧಿ ಸಾಲಗಳಿಗೂ 'ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್' ಎಂಬ ಮುಖ್ಯಾಂಶಗಳ ಪತ್ರವನ್ನು ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ನೀಡತಕ್ಕದ್ದು. ಬಡ್ಡಿಯೊಂದಿಗೆ ಎಲ್ಲ ಶುಲ್ಕಗಳನ್ನೂ ಸೇರಿಸಿ ಲೆಕ್ಕ ಹಾಕಿದ ವಾರ್ಷಿಕ ದರ ಅದರಲ್ಲಿ ನಮೂದಾಗಿರಬೇಕು. ಪತ್ರದಲ್ಲಿ ಇಲ್ಲದ ಶುಲ್ಕವನ್ನು ಸಾಲಗಾರನ ಸ್ಪಷ್ಟ ಒಪ್ಪಿಗೆಯಿಲ್ಲದೆ ವಸೂಲು ಮಾಡುವಂತಿಲ್ಲ. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಜಾಹೀರಾತಿನ ದರವನ್ನಲ್ಲ, ಈ ಪತ್ರದಲ್ಲಿನ ವಾರ್ಷಿಕ ದರವನ್ನು ಹೋಲಿಸುವುದು ಸೂಕ್ತ.

ಸ್ವಯಂ ಉದ್ಯೋಗಿಗಳಿಗೆ ಸಂಬಳದಾರರಿಗಿಂತ ತುಸು ಹೆಚ್ಚಿನ ದರ ವಿಧಿಸುವ ಸಂಸ್ಥೆಗಳೂ ಇವೆ. ಅರ್ಧ ಶೇಕಡಾ ವ್ಯತ್ಯಾಸವು ನಮ್ಮ ಉದಾಹರಣೆಯಲ್ಲಿ ತಿಂಗಳಿಗೆ 972 ರೂ., 20 ವರ್ಷಗಳಿಗೆ 2.33 ಲಕ್ಷ ರೂ. ಕ್ರಮಬದ್ಧ ಲೆಕ್ಕಪತ್ರ, ಸಕಾಲಿಕ ತೆರಿಗೆ ವಿವರಪತ್ರ ಹಾಗೂ ಉತ್ತಮ ಸಾಲ ಮರುಪಾವತಿ ದಾಖಲೆಗಳಿಗೆ ಇಲ್ಲಿ ನೇರವಾಗಿ ಹಣದ ಬೆಲೆಯಿದೆ.

4. ಬದಲಾಗುವ ಬಡ್ಡಿದರ: ಕಾಣದೆ ಬೆಳೆಯುವ ಅವಧಿ

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ನೀಡುವ ಬದಲಾಗುವ ದರದ ಹೊಸ ಗೃಹಸಾಲಗಳು ರೆಪೊ ದರದಂತಹ ಬಾಹ್ಯ ಮಾನದಂಡಕ್ಕೆ ಜೋಡಣೆಯಾಗಿವೆ. ಕನಿಷ್ಠ ಮೂರು ತಿಂಗಳಿಗೊಮ್ಮೆ ದರ ಪರಿಷ್ಕರಣೆಯಾಗಬೇಕು. ಗೃಹ ಹಣಕಾಸು ಕಂಪನಿಗಳಿಗೆ ಈ ನಿಯಮ ಅನ್ವಯಿಸುವುದಿಲ್ಲವಾದ್ದರಿಂದ ಅಲ್ಲಿ ಸಂಸ್ಥೆಯ ಸ್ವಂತ ಮೂಲದರವೇ ಆಧಾರ.

ರೆಪೊ ದರ 2022ರ ಮೇ ತಿಂಗಳ ಆರಂಭದಲ್ಲಿ ಶೇ. 4 ಇದ್ದುದು 2023ರ ಫೆಬ್ರುವರಿಯ ವೇಳೆಗೆ ಶೇ. 6.50ಕ್ಕೆ ಏರಿತು. ಇದರ ಪರಿಣಾಮವನ್ನು ತಿಳಿಯಲು ಪ್ರತ್ಯೇಕ ಲೆಕ್ಕವೊಂದನ್ನು ನೋಡಬಹುದು. 30 ಲಕ್ಷ ರೂ. ಸಾಲವನ್ನು ಶೇ. 7ರ ದರದಲ್ಲಿ 20 ವರ್ಷಕ್ಕೆ ಪಡೆದವರ ಕಂತು 23,259 ರೂ. ಎರಡು ವರ್ಷಗಳ ನಂತರ ಬಾಕಿ 28.52 ಲಕ್ಷ ರೂ. ಆಗ ದರ ಎರಡೂವರೆ ಶೇಕಡಾ ಏರಿ ಶೇ. 9.5 ಆಯಿತೆಂದು ಭಾವಿಸಿದರೆ ತಿಂಗಳ ಬಡ್ಡಿಯೇ 22,579 ರೂ. ಆಗುತ್ತದೆ, ಕಂತಿನಲ್ಲಿ ಅಸಲಿಗೆ ಉಳಿಯುವುದು 680 ರೂ. ಮಾತ್ರ. ಕಂತನ್ನು ಏರಿಸದೆ ಹಾಗೆಯೇ ಮುಂದುವರಿಸಿದರೆ ಉಳಿದಿದ್ದ 18 ವರ್ಷಗಳ ಸಾಲ ತೀರಲು ಸುಮಾರು 37 ವರ್ಷ ಬೇಕು. ಕಂತನ್ನು 27,606 ರೂ.ಗೆ, ಅಂದರೆ 4,347 ರೂ. ಏರಿಸಿಕೊಂಡರೆ ಮೊದಲಿನ ಅವಧಿಯಲ್ಲಿಯೇ ಸಾಲ ತೀರುತ್ತದೆ. ಈ ಎರಡು ಮಾರ್ಗಗಳ ನಡುವಣ ಅಂತರ 44 ಲಕ್ಷ ರೂ.ಗೂ ಹೆಚ್ಚು.

ಸಾಲಗಾರನ ವಯಸ್ಸಿನ ಮಿತಿ ಇರುವುದರಿಂದ ಬ್ಯಾಂಕುಗಳು ಅವಧಿಯನ್ನು ಇಷ್ಟು ದೂರ ಎಳೆಯಲು ಸಾಮಾನ್ಯವಾಗಿ ಬಿಡುವುದಿಲ್ಲ. ಆದರೆ ಕಂತು ಬದಲಾಗದ ಕಾರಣ ಏನೂ ಆಗಿಲ್ಲವೆಂದು ನಂಬಿದ ಅನೇಕ ಸಾಲಗಾರರ ಅವಧಿ ಆ ಕಾಲದಲ್ಲಿ ಹಲವು ವರ್ಷ ಹಿಗ್ಗಿತು. ಆದ್ದರಿಂದಲೇ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್ 18ರ ಸುತ್ತೋಲೆಯ ಮೂಲಕ, ದರ ಬದಲಾದಾಗ ಕಂತು ಏರಿಸುವುದೋ, ಅವಧಿ ಹೆಚ್ಚಿಸುವುದೋ, ಎರಡನ್ನೂ ಬೆರೆಸುವುದೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ನೀಡಬೇಕೆಂದು ವಿಧಿಸಿತು. ಈವರೆಗೆ ವಸೂಲಾದ ಅಸಲು ಮತ್ತು ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಹಾಗೂ ದರವನ್ನು ತೋರಿಸುವ ತ್ರೈಮಾಸಿಕ ವಿವರಪಟ್ಟಿಯನ್ನೂ ಒದಗಿಸಬೇಕಾಗಿದೆ. ಈ ಪಟ್ಟಿಯಲ್ಲಿ ನೋಡಬೇಕಾದ ಅಂಕಿ ಒಂದೇ: ಉಳಿದ ಕಂತುಗಳ ಸಂಖ್ಯೆ. ಮೂರು ತಿಂಗಳಲ್ಲಿ ಅದು ಮೂರರಷ್ಟು ಇಳಿದಿರದಿದ್ದರೆ ಕಾರಣ ಕೇಳಬೇಕು.

2025ರ ಫೆಬ್ರುವರಿಯಿಂದ ಜೂನ್‌ವರೆಗೆ ರೆಪೊ ದರ ಮೂರು ಹಂತಗಳಲ್ಲಿ ಶೇ. 5.50ಕ್ಕೆ ಇಳಿಯಿತು. ದರ ಇಳಿದಾಗ ಕಂತನ್ನು ಇಳಿಸಿಕೊಳ್ಳದೆ ಮೊದಲಿನಂತೆಯೇ ಕಟ್ಟುತ್ತ ಹೋಗುವುದು, ಹಿಂದೆ ಹಿಗ್ಗಿದ ಅವಧಿಯನ್ನು ಕುಗ್ಗಿಸುವ ಅತ್ಯಂತ ಸುಲಭ ಉಪಾಯ.

5. ಕಂತಿನಲ್ಲಿ ಕಾಣದ ವೆಚ್ಚಗಳು

ಮನೆಯ ಬೆಲೆ ಮತ್ತು ಬಡ್ಡಿಯ ಹೊರತಾಗಿ ಬರುವ ವೆಚ್ಚಗಳು ಬಹುತೇಕ ಕೈಯಿಂದಲೇ ಹೋಗುವಂಥವು. ಕರ್ನಾಟಕದಲ್ಲಿ ಸಾಮಾನ್ಯ ಮುದ್ರಾಂಕ ಶುಲ್ಕ ಶೇ. 5, ಉಪಕರ ಮತ್ತು ಸರ್ಚಾರ್ಜ್ ಸೇರಿ ನಗರ ಪ್ರದೇಶಗಳಲ್ಲಿ ಶೇ. 5.6. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ. 1ರಿಂದ 2ಕ್ಕೆ ಏರಿತು. ಈ ಲೆಕ್ಕದಲ್ಲಿ 40 ಲಕ್ಷ ರೂ. ಬೆಲೆಯ ಮನೆಗೆ ಸುಮಾರು 3.04 ಲಕ್ಷ ರೂ. ತಗಲುತ್ತದೆ. ಸಾಲದ ಮಿತಿಯನ್ನು ಲೆಕ್ಕ ಹಾಕುವಾಗ ಬ್ಯಾಂಕುಗಳು ಸಾಮಾನ್ಯವಾಗಿ ಈ ಮೊತ್ತವನ್ನು ಮನೆಯ ಬೆಲೆಯಲ್ಲಿ ಸೇರಿಸುವುದಿಲ್ಲ. ಹೀಗಾಗಿ 30 ಲಕ್ಷ ಸಾಲ ಪಡೆದವರು 10 ಲಕ್ಷ ಸ್ವಂತ ಹಣದೊಂದಿಗೆ ಇನ್ನೂ ಮೂರೂವರೆ ಲಕ್ಷವನ್ನಾದರೂ ಸಿದ್ಧವಾಗಿಟ್ಟುಕೊಳ್ಳಬೇಕು. ಈ ಹಣವನ್ನು ಅಂಗಡಿಯ ಗಲ್ಲಾದಿಂದ ತೆಗೆಯುವಾಗ ಅದರ ಪರಿಣಾಮವನ್ನೂ ಲೆಕ್ಕ ಹಾಕಬೇಕಾಗುತ್ತದೆ.

ಪ್ರೊಸೆಸಿಂಗ್ ಶುಲ್ಕವು ಅರ್ಧ ಶೇಕಡಾ ಎಂದು ಹಿಡಿದರೆ 15,000 ರೂ., ಅದರ ಮೇಲೆ ಶೇ. 18ರ ಜಿ.ಎಸ್.ಟಿ. ಸೇರಿ 17,700 ರೂ. ಸಾಲದೊಂದಿಗೆ ಜೀವವಿಮೆಯನ್ನು ಸೇರಿಸಿ, ಅದರ ಏಕಕಾಲಿಕ ಪ್ರೀಮಿಯಂ ಅನ್ನು ಸಾಲದ ಮೊತ್ತಕ್ಕೇ ಕೂಡಿಸುವ ಪದ್ಧತಿಯೂ ಉಂಟು. ಹೀಗೆ ಕೂಡಿಸಿದ 1 ಲಕ್ಷ ರೂ. ಪ್ರೀಮಿಯಂ 20 ವರ್ಷಗಳಲ್ಲಿ 2.16 ಲಕ್ಷ ರೂ. ಆಗುತ್ತದೆ. ಏಕಮಾಲೀಕತ್ವದ ವ್ಯವಹಾರದಲ್ಲಿ ವಿಮೆ ಅಗತ್ಯವೇ ಸರಿ. ಆದರೆ ಸಾಲದಾತನು ಸೂಚಿಸಿದ ಕಂಪನಿಯಲ್ಲಿಯೇ ಕೊಳ್ಳಬೇಕೆಂಬ ಕಡ್ಡಾಯವಿಲ್ಲ. ವರ್ಷಕ್ಕೊಮ್ಮೆ ಕಟ್ಟುವ ಅವಧಿ ವಿಮೆಯನ್ನು ಪ್ರತ್ಯೇಕವಾಗಿ ಕೊಂಡು ಹೋಲಿಸಿ ನೋಡಬಹುದು.

ನಿರ್ಮಾಣ ಹಂತದ ಮನೆಗೆ ಸಾಲವು ಕಂತುಕಂತಾಗಿ ಬಿಡುಗಡೆಯಾಗುವಾಗ, ಬಿಡುಗಡೆಯಾದ ಮೊತ್ತಕ್ಕೆ ಬಡ್ಡಿ ಮಾತ್ರ ಕಟ್ಟುವ ಏರ್ಪಾಡಿರುತ್ತದೆ. ಎರಡು ವರ್ಷಗಳ ನಿರ್ಮಾಣಕಾಲದಲ್ಲಿ ಸರಾಸರಿ 15 ಲಕ್ಷ ರೂ. ಬಾಕಿ ಇದ್ದರೆ ಈ ಬಡ್ಡಿ 2.70 ಲಕ್ಷ ರೂ. ಆಗುತ್ತದೆ. ಇದರಲ್ಲಿ ಒಂದು ಪೈಸೆಯೂ ಅಸಲಿಗೆ ಸೇರುವುದಿಲ್ಲ. ನಿರ್ಮಾಣದ ವಿಳಂಬವು ಬಾಡಿಗೆಯೊಂದಿಗೆ ಬಡ್ಡಿಯನ್ನೂ ಬೆಳೆಸುತ್ತದೆ.

6. ತೆರಿಗೆ ರಿಯಾಯಿತಿಯ ನಿಜಾಂಶ

'ಗೃಹಸಾಲವಿದ್ದರೆ ತೆರಿಗೆ ಉಳಿಯುತ್ತದೆ' ಎಂಬ ಮಾತು ಇಂದು ಎಲ್ಲರಿಗೂ ಅನ್ವಯಿಸುವುದಿಲ್ಲ. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಸಾಲದ ಬಡ್ಡಿಗೆ ವರ್ಷಕ್ಕೆ 2 ಲಕ್ಷ ರೂ.ವರೆಗೆ ಕಡಿತವಿದೆ. ಶೇ. 30ರ ಹಂತದಲ್ಲಿರುವವರಿಗೆ ಸೆಸ್ ಸೇರಿ ಉಳಿತಾಯ ಗರಿಷ್ಠ 62,400 ರೂ. ನಮ್ಮ ಉದಾಹರಣೆಯಲ್ಲಿ ಹತ್ತನೆಯ ವರ್ಷದಿಂದ ವಾರ್ಷಿಕ ಬಡ್ಡಿ 2 ಲಕ್ಷಕ್ಕಿಂತ ಕೆಳಗಿಳಿಯುವುದರಿಂದ ಉಳಿತಾಯವೂ ಇಳಿಯುತ್ತ ಹೋಗುತ್ತದೆ. 2023-24ನೇ ಸಾಲಿನಿಂದ ತಾನಾಗಿಯೇ ಅನ್ವಯವಾಗುವ ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ಕಡಿತವೇ ಇಲ್ಲ. ವ್ಯಾಪಾರ ಆದಾಯವುಳ್ಳವರಿಗೆ ಸಂಬಳದಾರರಂತೆ ಪ್ರತಿವರ್ಷ ಪದ್ಧತಿ ಬದಲಿಸುವ ಸ್ವಾತಂತ್ರ್ಯವೂ ಇಲ್ಲ. ಆದುದರಿಂದ ಲೆಕ್ಕಪರಿಶೋಧಕರೊಂದಿಗೆ ಚರ್ಚಿಸಿ, ಯಾವ ಪದ್ಧತಿಯಲ್ಲಿ ಇರುವರೋ ಅದರ ಪ್ರಕಾರವೇ ಸಾಲದ ಬೆಲೆಯನ್ನು ಹಾಕಬೇಕು.

7. ಅಸಲಿಗೆ ಮುಂಚಿತ ಪಾವತಿ

ವ್ಯಕ್ತಿಗಳು ಬದಲಾಗುವ ದರದಲ್ಲಿ ಪಡೆದ ಗೃಹಸಾಲವನ್ನು ಅವಧಿಗೆ ಮುನ್ನ ತೀರಿಸಿದರೆ ಬ್ಯಾಂಕುಗಳು ದಂಡ ಶುಲ್ಕ ವಿಧಿಸುವಂತಿಲ್ಲವೆಂದು ರಿಸರ್ವ್ ಬ್ಯಾಂಕ್ 2012ರಲ್ಲಿಯೇ ಆದೇಶಿಸಿದೆ. ಈ ಸೌಲಭ್ಯವನ್ನು ಬಳಸುವುದರಲ್ಲಿ ಎರಡು ಸಂಗತಿಗಳು ಫಲವನ್ನು ನಿರ್ಧರಿಸುತ್ತವೆ.

ಒಂದು, ಸಮಯ. ನಮ್ಮ ಉದಾಹರಣೆಯಲ್ಲಿ ಮೂರನೆಯ ವರ್ಷದ ಕೊನೆಗೆ 3 ಲಕ್ಷ ರೂ. ಅಸಲಿಗೆ ಕಟ್ಟಿ, ಕಂತನ್ನು ಮೊದಲಿನಂತೆಯೇ ಇಟ್ಟರೆ ಸಾಲ ಸುಮಾರು 43 ತಿಂಗಳು ಮುಂಚೆ ತೀರುತ್ತದೆ. ಉಳಿಯುವ ಬಡ್ಡಿ ಸುಮಾರು 8.7 ಲಕ್ಷ ರೂ. ಅದೇ 3 ಲಕ್ಷವನ್ನು ಹದಿಮೂರನೆಯ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಸುಮಾರು 2.2 ಲಕ್ಷ ರೂ.

ಎರಡು, ಕಂತು ಇಳಿಸುವುದೋ ಅವಧಿ ಇಳಿಸುವುದೋ ಎಂಬ ಆಯ್ಕೆ. ಮೂರನೆಯ ವರ್ಷದಲ್ಲಿ ಕಟ್ಟಿದ 3 ಲಕ್ಷಕ್ಕೆ ಪ್ರತಿಯಾಗಿ ಅವಧಿಯನ್ನು ಹಾಗೆಯೇ ಇಟ್ಟು ಕಂತನ್ನು ಇಳಿಸಿಕೊಂಡರೆ ಕಂತು 2,876 ರೂ. ಕಡಿಮೆಯಾಗುತ್ತದೆ, ಆದರೆ ಉಳಿಯುವ ಬಡ್ಡಿ ಸುಮಾರು 2.87 ಲಕ್ಷ ರೂ. ಮಾತ್ರ. ಆದ್ದರಿಂದ ಹಣ ಕಟ್ಟುವಾಗಲೇ 'ಅವಧಿಯನ್ನು ಇಳಿಸಿ' ಎಂದು ಲಿಖಿತವಾಗಿ ತಿಳಿಸುವುದು ಅವಶ್ಯ.

8. ವ್ಯಾಪಾರಿಯ ಬಂಡವಾಳ ಎಲ್ಲಿರಬೇಕು?

8.7 ಲಕ್ಷದ ಉಳಿತಾಯ ಆಕರ್ಷಕವಾಗಿ ಕಂಡರೂ ಅದು ಮುಂದಿನ ಹಲವು ವರ್ಷಗಳಲ್ಲಿ ಬರುವ ಉಳಿತಾಯ. ವಾರ್ಷಿಕವಾಗಿ ನೋಡಿದರೆ ಗೃಹಸಾಲಕ್ಕೆ ಕಟ್ಟಿದ ಹಣ ಗಳಿಸುವುದು ಆ ಸಾಲದ ದರವನ್ನು ಮಾತ್ರ, ಇಲ್ಲಿ ಶೇ. 9. ಅದೇ ಹಣ ವ್ಯಾಪಾರದಲ್ಲಿ ಏನು ಗಳಿಸುತ್ತದೆ ಅಥವಾ ಯಾವ ನಷ್ಟವನ್ನು ತಡೆಯುತ್ತದೆ ಎಂಬುದನ್ನು ಅದರ ಪಕ್ಕದಲ್ಲಿಟ್ಟು ನೋಡಬೇಕು.

ಬೆಳಗಾವಿಯ ಉದ್ಯಮಬಾಗ್‌ನಲ್ಲಿಯೋ ಬೆಂಗಳೂರಿನ ಪೀಣ್ಯದಲ್ಲಿಯೋ ಇರುವ ಒಂದು ಸಣ್ಣ ಯಂತ್ರಭಾಗಗಳ ಘಟಕವನ್ನು ಊಹಿಸಬಹುದು. ಕಚ್ಚಾಮಾಲಿನ ಪೂರೈಕೆದಾರರು ನಗದು ಕೊಟ್ಟರೆ ಶೇ. 2 ರಿಯಾಯಿತಿ, ಇಲ್ಲವಾದರೆ 30 ದಿನಗಳ ಉದ್ದರಿ ನೀಡುತ್ತಾರೆಂದು ಇಟ್ಟುಕೊಳ್ಳೋಣ. ಒಂದು ತಿಂಗಳ ಉದ್ದರಿಗೆ ಶೇ. 2 ಬಿಟ್ಟುಕೊಡುವುದೆಂದರೆ ವರ್ಷಕ್ಕೆ ಸುಮಾರು ಶೇ. 24ರ ಬಡ್ಡಿ ತೆತ್ತಂತೆ. ನೂರಕ್ಕೆ ಎರಡು ರೂಪಾಯಿಯ ಕೈಸಾಲವೂ ಇದೇ ದರದ್ದು. ಕೈಯಲ್ಲಿದ್ದ ಹಣವನ್ನೆಲ್ಲ ಮನೆಗೆ ಸುರಿದು, ನಂತರ ನಗದು ರಿಯಾಯಿತಿ ಕಳೆದುಕೊಳ್ಳುವ ಅಥವಾ ಕೈಸಾಲಕ್ಕೆ ಓಡಾಡುವ ಉದ್ಯಮಿಯು ಶೇ. 9 ಉಳಿಸಿ ಶೇ. 24 ತೆರುತ್ತಿರುತ್ತಾನೆ. ಅವನ ಮಟ್ಟಿಗೆ ಗೃಹಸಾಲದ ನಿಜವಾದ ಬೆಲೆ ಬ್ಯಾಂಕಿನ ಪತ್ರದಲ್ಲಿಲ್ಲ, ಅಂಗಡಿಯ ಕಿರ್ದಿಯಲ್ಲಿದೆ.

ಕ್ಯಾಶ್ ಕ್ರೆಡಿಟ್ ಖಾತೆಯೊಂದಿಗಿನ ಹೋಲಿಕೆ ಇನ್ನೂ ಸೂಕ್ಷ್ಮವಾದುದು. ಅಲ್ಲಿನ ದರ ಶೇ. 10.5 ಎಂದು ಹಿಡಿದರೆ, ಗೃಹಸಾಲಕ್ಕಿಂತ ಮೊದಲು ಅದನ್ನು ಇಳಿಸಬೇಕೆಂದು ತೋರುತ್ತದೆ. ಆದರೆ ವ್ಯಾಪಾರಕ್ಕೆ ಬಳಸಿದ ಸಾಲದ ಬಡ್ಡಿ ವ್ಯಾಪಾರದ ಖರ್ಚಾಗಿ ಆದಾಯದಿಂದ ಕಳೆಯುತ್ತದೆ. ಶೇ. 30ರ ಹಂತದ ಮಾಲೀಕನಿಗೆ ಸೆಸ್ ಸೇರಿ ಶೇ. 31.2 ತೆರಿಗೆ ಉಳಿಯುವುದರಿಂದ ಆ ಸಾಲದ ನಿವ್ವಳ ದರ ಸುಮಾರು ಶೇ. 7.2. ಹೊಸ ತೆರಿಗೆ ಪದ್ಧತಿಯಲ್ಲಿರುವ ಆತನ ಸ್ವಂತ ವಾಸದ ಮನೆಯ ಸಾಲಕ್ಕೆ ಯಾವ ಕಡಿತವೂ ಇಲ್ಲವಾದ್ದರಿಂದ ಅದರ ನಿವ್ವಳ ದರ ಪೂರ್ತಿ ಶೇ. 9. ಅಂದರೆ ಮೇಲ್ನೋಟಕ್ಕೆ ದುಬಾರಿಯಾದ ಸಾಲ ಅಗ್ಗವಾಗಿಯೂ, ಅಗ್ಗವಾದುದು ದುಬಾರಿಯಾಗಿಯೂ ಪರಿಣಮಿಸುತ್ತದೆ. ಶೇ. 5ರ ತೆರಿಗೆ ಹಂತದಲ್ಲಿರುವವರಿಗೆ ಇದು ತಿರುವುಮುರುವು. ಆದರೆ ಈ ಲೆಕ್ಕದ ಆಧಾರದ ಮೇಲೆ ಕ್ಯಾಶ್ ಕ್ರೆಡಿಟ್ ಹಣವನ್ನು ತೆಗೆದು ಮನೆಗೆ ಹಾಕುವುದು ಸಲ್ಲದು. ಅದು ಬ್ಯಾಂಕಿನ ಷರತ್ತಿನ ಉಲ್ಲಂಘನೆ, ಮತ್ತು ಹಾಗೆ ಬಳಸಿದ ಹಣದ ಬಡ್ಡಿ ವ್ಯಾಪಾರದ ಖರ್ಚಾಗಿ ಒಪ್ಪಿತವಾಗುವುದಿಲ್ಲ. ಇಲ್ಲಿನ ಮಾತು ಲಾಭದಿಂದ ಉಳಿದ ಸ್ವಂತ ಹಣಕ್ಕೆ ಮಾತ್ರ ಸಂಬಂಧಿಸಿದ್ದು.

ಚಾಲ್ತಿ ಖಾತೆಯಲ್ಲಿ ಬಡ್ಡಿಯಿಲ್ಲದೆ ನಿಲ್ಲುವ ಹಣದ ನಷ್ಟವನ್ನೂ ಮರೆಯಬಾರದು. ವರ್ಷದಲ್ಲಿ 8 ತಿಂಗಳು ಸರಾಸರಿ 3 ಲಕ್ಷ ರೂ. ಹೀಗೆ ನಿಂತರೆ, ಗೃಹಸಾಲದ ದರದಲ್ಲಿ ನಷ್ಟ 18,000 ರೂ. ಹಲವು ಬ್ಯಾಂಕುಗಳಲ್ಲಿ ಓವರ್‌ಡ್ರಾಫ್ಟ್ ಮಾದರಿಯ ಗೃಹಸಾಲ ದೊರೆಯುತ್ತದೆ. ಅದರಲ್ಲಿ ಹೆಚ್ಚುವರಿ ಹಣವನ್ನು ಇಟ್ಟಷ್ಟು ದಿನ ಬಡ್ಡಿ ಇಳಿಯುತ್ತದೆ. ಬೇಕಾದಾಗ ಹಣವನ್ನು ಹಿಂದಕ್ಕೆ ಪಡೆಯಬಹುದು. ಇದರ ದರ ಸಾಮಾನ್ಯ ಗೃಹಸಾಲಕ್ಕಿಂತ ತುಸು ಹೆಚ್ಚಿರಬಹುದಾದ್ದರಿಂದ, ವರ್ಷಪೂರ್ತಿ ಸರಾಸರಿ ಎಷ್ಟು ಹಣ ನಿಲ್ಲುತ್ತದೆಂದು ನೋಡಿ ನಿರ್ಧರಿಸಬೇಕು. ಏರಿಳಿತದ ವ್ಯಾಪಾರಕ್ಕೆ ಇದು ಬಹುಮಟ್ಟಿಗೆ ಹೊಂದುವ ವ್ಯವಸ್ಥೆ.

9. ಮನೆ ಮತ್ತು ವ್ಯಾಪಾರ ಒಂದೇ ಅಡಮಾನದಲ್ಲಿ

ಸಾಲದ ಬೆಲೆಯಲ್ಲಿ ಹಣದಿಂದ ಅಳೆಯಲಾಗದ ಭಾಗವೂ ಒಂದಿದೆ, ಅದೇ ಅಪಾಯ. ಏಕಮಾಲೀಕತ್ವ ಹಾಗೂ ಪಾಲುದಾರಿಕೆ ಸಂಸ್ಥೆಗಳಲ್ಲಿ ವ್ಯಾಪಾರದ ಋಣಕ್ಕೆ ಮಾಲೀಕರ ಸ್ವಂತ ಆಸ್ತಿಯೂ ಹೊಣೆ. ಮನೆಯ ಹಕ್ಕುಪತ್ರಗಳನ್ನು ಗೃಹಸಾಲಕ್ಕೆ ಮಾತ್ರವಲ್ಲದೆ ವ್ಯಾಪಾರದ ಸಾಲಕ್ಕೂ ಭದ್ರತೆಯಾಗಿ ವಿಸ್ತರಿಸಿದ್ದರೆ, ವ್ಯಾಪಾರದ ಖಾತೆ ಕೆಟ್ಟಾಗ ನಿಯಮಿತವಾಗಿ ಕಂತು ಕಟ್ಟುತ್ತಿರುವ ಮನೆಯೂ ಅಪಾಯಕ್ಕೆ ಸಿಲುಕುತ್ತದೆ. ಕಂತು 90 ದಿನಗಳಿಗಿಂತ ಹೆಚ್ಚು ಬಾಕಿಯಾದರೆ ಖಾತೆ ಅನುತ್ಪಾದಕ ಆಸ್ತಿಯಾಗುತ್ತದೆ. ಬಳಿಕ 2002ರ ಸರ್ಫೇಸಿ ಕಾಯಿದೆಯ ಮೇರೆಗೆ 60 ದಿನಗಳ ನೋಟೀಸು ನೀಡಿ, ಆಸ್ತಿಯ ಸ್ವಾಧೀನಕ್ಕೆ ಮುಂದುವರಿಯುವ ಅಧಿಕಾರ ಸಾಲದಾತನಿಗೆ ಇದೆ. ಆದುದರಿಂದ ಕನಿಷ್ಠ ಆರು ಕಂತುಗಳಷ್ಟು, ನಮ್ಮ ಉದಾಹರಣೆಯಲ್ಲಿ ಸುಮಾರು 1.62 ಲಕ್ಷ ರೂ. ಹಣವನ್ನು ವ್ಯಾಪಾರಕ್ಕೆ ಮುಟ್ಟದಂತೆ ಪ್ರತ್ಯೇಕ ಠೇವಣಿಯಲ್ಲಿ ಇಡುವುದು ಯಾವುದೇ ಮುಂಚಿತ ಪಾವತಿಗಿಂತ ಮೊದಲು ಆಗಬೇಕಾದ ಕೆಲಸ.

ಸಾಲ ಪೂರ್ತಿ ತೀರಿದ ನಂತರ ಮೂಲ ಹಕ್ಕುಪತ್ರಗಳನ್ನು 30 ದಿನಗಳೊಳಗೆ ಹಿಂದಿರುಗಿಸಬೇಕು. ಸಾಲದಾತನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂ. ಪರಿಹಾರ ನೀಡಬೇಕೆಂಬ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ.

10. ಸಹಿ ಮಾಡುವ ಮುನ್ನ

ಸಾಲಪತ್ರಕ್ಕೆ ಸಹಿ ಮಾಡುವ ಮುನ್ನ ಈ ಕೆಳಗಿನ ಪ್ರಶ್ನೆಗಳಿಗೆ ಲಿಖಿತ ಉತ್ತರ ಪಡೆಯುವುದು ಹಿತಕರ:

(ಅ) ಎಲ್ಲ ಶುಲ್ಕ ಸೇರಿದ ವಾರ್ಷಿಕ ದರ ಎಷ್ಟು? ಅವಧಿ ಮುಗಿಯುವ ವೇಳೆಗೆ ಒಟ್ಟು ತೆರುವ ಬಡ್ಡಿ ಎಷ್ಟು?
(ಆ) ದರವು ಯಾವ ಮಾನದಂಡಕ್ಕೆ ಜೋಡಣೆಯಾಗಿದೆ? ಅದರ ಮೇಲೆ ಸಂಸ್ಥೆ ಸೇರಿಸುವ ಅಂತರ ಎಷ್ಟು?
(ಇ) ದರ ಏರಿದರೆ ಕಂತು ಏರುವುದೋ, ಅವಧಿಯೋ? ಆಯ್ಕೆಯನ್ನು ಯಾವ ರೀತಿ ತಿಳಿಸಬೇಕು?
(ಈ) ಮುಂಚಿತ ಪಾವತಿಯ ಹಣ ಯಾವ ದಿನದಿಂದ ಅಸಲಿಗೆ ಜಮೆಯಾಗುತ್ತದೆ?
(ಉ) ಸಾಲದ ಮೊತ್ತದಲ್ಲಿ ವಿಮೆಯ ಪ್ರೀಮಿಯಂ ಸೇರಿದೆಯೇ?
(ಊ) ಮನೆಯ ಭದ್ರತೆ ಗೃಹಸಾಲಕ್ಕೆ ಮಾತ್ರವೇ, ಅಥವಾ ಅದೇ ಬ್ಯಾಂಕಿನ ಬೇರೆ ಸಾಲಗಳಿಗೂ ಅನ್ವಯಿಸುವುದೇ?

ಸಾಲ ಪಡೆದ ಮೇಲೆ, ಪ್ರತಿಯೊಬ್ಬ ಗ್ರಾಹಕನಿಗೂ ಖತಾವಣಿಯಲ್ಲಿ ಒಂದು ಪುಟ ಇರುವಂತೆ ಗೃಹಸಾಲಕ್ಕೂ ಒಂದು ಪುಟವನ್ನು ಮೀಸಲಿಡಬಹುದು. ವರ್ಷಕ್ಕೊಮ್ಮೆ, ಮಾರ್ಚ್ ಅಂತ್ಯದ ಲೆಕ್ಕ ಮುಗಿಸುವಾಗ, ಅದರಲ್ಲಿ ನಾಲ್ಕು ಅಂಕಿಗಳನ್ನು ಬರೆಯಬೇಕು: ಬಾಕಿ ಅಸಲು, ಆ ವರ್ಷ ತೆತ್ತ ಬಡ್ಡಿ, ಉಳಿದ ಕಂತುಗಳು, ಚಾಲ್ತಿಯಲ್ಲಿರುವ ದರ. ಹೊಸ ಗ್ರಾಹಕರಿಗೆ ಅದೇ ಬ್ಯಾಂಕು ಕಡಿಮೆ ದರ ನೀಡುತ್ತಿದ್ದರೆ ದರ ಇಳಿಕೆಗೆ ಅರ್ಜಿ ಸಲ್ಲಿಸಬೇಕು; ಒಪ್ಪದಿದ್ದಲ್ಲಿ ವರ್ಗಾವಣೆಯ ವೆಚ್ಚ ಲೆಕ್ಕ ಹಾಕಿ ಬೇರೆಡೆಗೆ ಸಾಗಿಸುವ ಯೋಚನೆ ಮಾಡಬೇಕು. ಈ ಕೆಲಸಕ್ಕೆ ವರ್ಷದಲ್ಲಿ ಅರ್ಧ ಗಂಟೆ ಸಾಕು. ಉದ್ದರಿ ಗಿರಾಕಿಯ ಬಾಕಿಯನ್ನು ವಾರಕ್ಕೊಮ್ಮೆ ನೋಡುವ ವ್ಯಾಪಾರಿಗೆ, ತನ್ನ ತಲೆಯ ಮೇಲಿನ ಅತಿ ದೊಡ್ಡ ಬಾಕಿಯನ್ನು ವರ್ಷಕ್ಕೊಮ್ಮೆ ನೋಡುವುದು ಕಷ್ಟವೇನಲ್ಲ.